ಇನ್ನೊಕೆಂತಿ ಸವ್ವಿಚ್ ಗಡ್ಡ ಕೊಟ್ಟದ್ದು

ನಮ್ಮ ಸ್ಟುಡಿಯೋದಲ್ಲಿ ಇನ್ನೊಕೆಂತಿ ಸವ್ವಿಚ್ ಬುಬೆಂತ್ಸೊವ್ ಎಂದರೆ ಎಲ್ಲರಿಗೂ ಮೊದಲು ಕಣ್ಣಿಗೆ ಕಟ್ಟುತ್ತಿದ್ದುದು ಅವರ ಗಡ್ಡ. ಕೋಟಿನ ಗುಂಡಿಗಳನ್ನು ಮುಚ್ಚಿ ಎದೆಯ ಮೇಲೆ ಹರಡಿಕೊಂಡಿದ್ದ, ಬೂದಿ ಬಣ್ಣದ ಒತ್ತಾದ ಗಡ್ಡ. ಬೆನ್ನ ಹಿಂದೆ ಅವರನ್ನು ‘ಪಾಳೇಗಾರ’ ಎನ್ನುತ್ತಿದ್ದೆವು. ಅದು ಅವರಿಗೂ ಗೊತ್ತಿತ್ತು. ಕ್ಯಾಂಟೀನಿನಲ್ಲಿ ಎಲೆಕೋಸಿನ ಸಾರು ಕುಡಿಯುವಾಗ ಗಡ್ಡವನ್ನು ಎಡಗೈಯಲ್ಲಿ ಪಕ್ಕಕ್ಕೆ ಸರಿಸಿ, “ಪಾಳೇಗಾರರಿಗೆ ಇನ್ನೊಂದು ಸೌಟು ಹಾಕಮ್ಮ” ಎಂದು ತಾವೇ ನಗುತ್ತಿದ್ದರು.

ಅವರು ಚಿತ್ರಕಥೆ ಬರೆಯುತ್ತಿದ್ದರು. ಬರೆದದ್ದೆಲ್ಲ ನಮ್ಮ ರಷ್ಯದ ಹಳೆಯ ಕಾಲದ ಕಥೆಗಳೇ. ನಾನು, ಫೈನಾ ಲ್ವೊವ್ನಾ, ಅದೇ ಲೆನಿನ್‌ಗ್ರಾದ್ ಸ್ಟುಡಿಯೋದ ಕಥಾ ವಿಭಾಗದಲ್ಲಿ ಸಂಪಾದಕಿ. ಹೆಸರು ಸಂಪಾದಕಿ, ಬಾಳು ಎರಡು ಮನೆಯ ಸೊಸೆಯದು. ಮೇಲಿನವರು ಅಂದದ್ದನ್ನು ಬರೆಯುವವರಿಗೆ ನೋವಾಗದಂತೆ ಹೇಳಬೇಕು, ಬರೆಯುವವರು ಅಂದದ್ದನ್ನು ಮೇಲಿನವರಿಗೆ ಸಿಟ್ಟು ಬಾರದಂತೆ ಮುಟ್ಟಿಸಬೇಕು.

ಇತಿಹಾಸದ ಚಿತ್ರ ಬರೆಯಲು ಬಂದ ಬೇರೆಯವರು ಮೊದಲು ದೊರೆಗೆ ಮಾತು ಬರೆಯುತ್ತಿದ್ದರು. ಕಂಬದಷ್ಟು ಉದ್ದದ ಮಾತುಗಳು. ಇನ್ನೊಕೆಂತಿ ಸವ್ವಿಚ್ ದೊರೆಯ ತಂಟೆಗೇ ಹೋಗುತ್ತಿರಲಿಲ್ಲ. ಅಪ್ಪಣೆ ಹೊರಟ ಅರಮನೆಯನ್ನು ಬಿಟ್ಟು, ಅದು ಕೊನೆಗೆ ಯಾರ ಮನೆಯ ಬಾಗಿಲು ತಟ್ಟಿತೋ ಅಲ್ಲಿ ಹೋಗಿ ನಿಲ್ಲುತ್ತಿದ್ದರು. ಒಮ್ಮೆ ನನಗೆ ಅಂದಿದ್ದರು: “ನೋಡಿ ಫೈನಾ ಲ್ವೊವ್ನಾ, ಮುಂದೆ ಹಡಗು ಗೆಲ್ಲುತ್ತೆ, ಊರು ಬೆಳೆಯುತ್ತೆ ಅಂತ ನಮಗೆ ಗೊತ್ತು. ಆ ಮನುಷ್ಯನಿಗೆ ಗೊತ್ತಿಲ್ಲ. ಅವನಿಗೆ ಗೊತ್ತಿರೋದು ಬೂಟಿನೊಳಗೆ ನೀರು ಹೋಗಿದೆ ಅಂತ ಅಷ್ಟೇ. ನಾನು ಆ ನೀರಿನಿಂದ ಶುರು ಮಾಡ್ತೀನಿ.”

ಬರೆದದ್ದನ್ನು ಮೊದಲು ಕೇಳುತ್ತಿದ್ದವರು ಅವರ ಹೆಂಡತಿ ಗ್ಲಫೀರಾ ತಿಮೊಫೇವ್ನಾ. ಮನೆಯಲ್ಲಿ ಈತನಿಗೆ ಆಕೆ ಗ್ಲಾಶಾ, ಆಕೆಗೆ ಈತ ಕೆಶಾ. ಆಕೆ ಅಡುಗೆಮನೆಯಲ್ಲಿ ಹಿಟ್ಟು ನಾದುತ್ತಿದ್ದರೆ ಈತ ಮುಕ್ಕಾಲಿಯ ಮೇಲೆ ಕೂತು ಓದುವುದು. ಆಕೆಯ ಕೈ ನಿಂತರೆ ಆ ದೃಶ್ಯ ಉಳಿಯಿತು. ಕೈ ನಿಲ್ಲದೆ ಓಡುತ್ತಿದ್ದರೆ ಹಾಳೆ ಒಲೆಗೆ. ನಮ್ಮ ಸ್ಟುಡಿಯೋದ ಕಲಾ ಮಂಡಳಿಯವರಿಗಿಂತ ಆ ಕೈಯೇ ಅವರಿಗೆ ದೊಡ್ಡದಾಗಿತ್ತು.

ಎಪ್ಪತ್ತರ ದಶಕದಲ್ಲಿ ಅವರು ‘ಗಡ್ಡದ ವರ್ಷ’ ಎಂಬ ಕಥೆ ಬರೆದರು. ಪೀಟರ್ ದೊರೆ ಗಡ್ಡ ಬೋಳಿಸಿ ಎಂದು ಅಪ್ಪಣೆ ಮಾಡಿದ ಕಾಲ. ಉತ್ತರದ ಹಳ್ಳಿಯ ನಿಕಿಫೋರ್ ಎಂಬ ಬಡಗಿ ಹಡಗು ಕಟ್ಟುವ ಕೂಲಿಗೆಂದು ದೋಣಿ ಹತ್ತಿ ಪಟ್ಟಣಕ್ಕೆ ಬರುತ್ತಾನೆ. ಊರಬಾಗಿಲಲ್ಲಿ ಕಾವಲಿನವರು ಅವನನ್ನು ಹಿಡಿದು ಗಡ್ಡ ಕತ್ತರಿಸುತ್ತಾರೆ. ಅವನು ಬೋಳು ಮುಖದಲ್ಲಿ ಹೆಂಡತಿಯ ಮುಂದೆ ಹೋಗಿ ನಿಲ್ಲುತ್ತಾನೆ. ಆ ಊರಿನ ಇನ್ನೂ ಹಲವರ ಕಥೆಗಳ ನಡುವೆ ಇವನದೊಂದು. ಮಾತು ಕಡಿಮೆ, ಮುಖ ಹೆಚ್ಚು.

ಮಂಡಳಿಯ ಅಧ್ಯಕ್ಷರು ಹಸ್ತಪ್ರತಿಯನ್ನು ಮೇಜಿನ ಮೇಲೆ ಹಾಕಿ ನನ್ನ ಮುಖ ನೋಡಿದರು.

“ಏನಮ್ಮ ಇದು? ಪೀಟರ್ ದೊರೆಯ ಕಾಲದ ಚಿತ್ರದಲ್ಲಿ ಪೀಟರೇ ಇಲ್ಲ! ಮದುಮಗ ಇಲ್ಲದ ಮದುವೆ ಆಯ್ತಲ್ಲ?”

ನಾನು ಹೋಗಿ ಹಾಗೇ ಒಪ್ಪಿಸಿದೆ. ಇನ್ನೊಕೆಂತಿ ಸವ್ವಿಚ್ ಗಡ್ಡ ನೀವಿಕೊಂಡು ಹೇಳಿದರು: “ದಿಬ್ಬಣದವರ ಮುಖ ನೋಡಿದ್ರೆ ಮದುಮಗ ಎಂಥವನು ಅಂತ ತಿಳಿಯುತ್ತೆ ಅನ್ನಿ.”

ಅದನ್ನು ಹಾಗೇ ಮುಟ್ಟಿಸಲು ನನಗೇನು ಹುಚ್ಚೇ? “ಲೇಖಕರು ಯೋಚನೆ ಮಾಡ್ತಿದ್ದಾರೆ” ಅಂದೆ. ಅಂತೂ ಇಂತೂ ಒಪ್ಪಿಗೆ ಸಿಕ್ಕಿತು, ಒಂದು ಕೊಕ್ಕೆಯೊಂದಿಗೆ. ಕೊನೆಯ ದೃಶ್ಯದಲ್ಲಿ ಬಡಗಿ ತನ್ನ ಬೋಳು ಗಲ್ಲ ಸವರಿಕೊಂಡು, ಇನ್ನು ಹೊಸ ರಷ್ಯ ಹುಟ್ಟುತ್ತದೆ ಅಂತ ಏನಾದರೂ ನಾಲ್ಕು ಮಾತಾಡಬೇಕು. ಇಲ್ಲದಿದ್ದರೆ ಚಿತ್ರ ಮುಗಿದ ಮೇಲೆ ಡಬ್ಬಿಯೊಳಗೇ ಇರುತ್ತದೆ, ತೆರೆ ಕಾಣುವುದಿಲ್ಲ.

ಇನ್ನೊಕೆಂತಿ ಸವ್ವಿಚ್ ಬರೆದಿದ್ದ ಕೊನೆ ಬೇರೆ. ಹೆಂಡತಿ ಬಾಗಿಲು ತೆಗೆಯುತ್ತಾಳೆ, ಗುರುತು ಸಿಗದೆ ಹೆದರಿ ಬಾಗಿಲು ಹಾಕಿಕೊಳ್ಳುತ್ತಾಳೆ. ಅಲ್ಲಿಗೆ ಮುಗಿಯಿತು. ಆ ದೃಶ್ಯ ಓದಿದಾಗ ಗ್ಲಫೀರಾ ತಿಮೊಫೇವ್ನಾರ ಕೈ ನಿಂತಿರಲಿಲ್ಲವಂತೆ. ಆದರೂ ಅದೊಂದನ್ನು ಅವರು ಒಲೆಗೆ ಹಾಕಲಿಲ್ಲ. “ಇದು ಹೀಗೇ ಆಗೋದು. ನನಗೆ ಗೊತ್ತು” ಎನ್ನುತ್ತಿದ್ದರು. ಹೇಗೆ ಗೊತ್ತು ಅಂತ ನಾನು ಕೇಳಲಿಲ್ಲ, ಅವರೂ ಹೇಳಲಿಲ್ಲ.

ಬೇಸಿಗೆಯಲ್ಲಿ ಚಿತ್ರೀಕರಣಕ್ಕೆ ಪಿನೆಗಾ ನದಿಯ ದಂಡೆಯ ಒಂದು ಹಳ್ಳಿಗೆ ಹೋದೆವು. ಕರಿಮರದ ದೊಡ್ಡ ಮನೆಗಳು, ಕತ್ತಲಾಗದ ರಾತ್ರಿ, ಮೋಡದಂತೆ ಮುತ್ತುವ ಸೊಳ್ಳೆ. ನಿರ್ದೇಶಕ ವಲೆರಿಯಾನ್ ಓಜೋಗಿನ್ ಇನ್ನೂ ಯುವಕ, ಕೆಟ್ಟವನಲ್ಲ, ಆದರೆ ಕೆಲಸ ಹಿಡಿದರೆ ಪಕ್ಕದಲ್ಲಿ ಮನೆ ಹೊತ್ತಿ ಉರಿದರೂ ತಿರುಗಿ ನೋಡದವನು. ನಿಕಿಫೋರನ ಪಾತ್ರದ ನಟ ಚಳಿಗಾಲದಿಂದಲೇ ಗಡ್ಡ ಬೆಳೆಸಿಕೊಂಡಿದ್ದ. ಹಳ್ಳಿಗೆ ಬಂದ ವಾರದಲ್ಲೇ ಅವನಿಗೆ ಹೊಟ್ಟೆನೋವು ಎದ್ದು, ಚಿಕ್ಕ ವಿಮಾನದಲ್ಲಿ ಅರ್ಖಾಂಗೆಲ್ಸ್ಕ್ ಆಸ್ಪತ್ರೆಗೆ ಸಾಗಿಸಬೇಕಾಯಿತು. ಅಪೆಂಡಿಕ್ಸ್ ಕೊಯ್ದು ತೆಗೆದರಂತೆ, ಜೀವಕ್ಕೇನೂ ಆಗಲಿಲ್ಲ. ಆದರೆ ಗಡ್ಡ ಅವನ ಜೊತೆಯಲ್ಲೇ ಹೋಯಿತು.

ಅಂಟಿಸಿದ ಗಡ್ಡವನ್ನು ಕ್ಯಾಮೆರಾದ ಹತ್ತಿರ ಕತ್ತರಿಸಿದರೆ ಬೊಂಬೆಯ ಕೂದಲಿನ ಹಾಗೆ ಕಾಣುತ್ತದೆ. ಓಜೋಗಿನ್‌ಗೆ ಅದು ಬೇಡ. ಕ್ಯಾಮೆರಾ ನಿಲ್ಲಿಸದೆ ಒಂದೇ ಓಟದಲ್ಲಿ, ನಿಜವಾದ ಗಡ್ಡಕ್ಕೆ ನಿಜವಾದ ಕತ್ತರಿ ಬೀಳಬೇಕು. ನಿಕಿಫೋರನ ಪಾತ್ರಕ್ಕೆಂದು ಅವನ ಕಣ್ಣು ಆ ಹಳ್ಳಿಯ ಸಿಲಾಂತಿ ಕುಜ್ಮಿಚ್ ಎಂಬ ಮುದುಕನ ಮೇಲೆ ಬಿತ್ತು. ನಮ್ಮ ಚಿತ್ರದಲ್ಲಿ ಗುಂಪಿನಲ್ಲಿ ನಿಲ್ಲಲು ಬರುತ್ತಿದ್ದ, ಬೆಳ್ಳಿಯ ಹೊಳೆಯಂಥ ಗಡ್ಡದ ಮುದುಕ. ಓಜೋಗಿನ್ ಗ್ರಾಮ ಸಭೆಯ ಮುಖ್ಯಸ್ಥನಿಗೆ ಹೇಳಿದ, ಮುಖ್ಯಸ್ಥ ಮುದುಕನನ್ನು ಕರೆಸಿ, “ದೇಶದ ಸಿನಿಮಾ ಕಣಜ್ಜ, ಇಲ್ಲ ಅನ್ನೋ ಹಾಗಿಲ್ಲ” ಅಂದ. ಸಿಲಾಂತಿ ಕುಜ್ಮಿಚ್ ತಲೆ ಅಲ್ಲಾಡಿಸಿ ಮನೆಗೆ ಹೋದ. ನನಗೆ ಇದೊಂದೂ ಗೊತ್ತಿರಲಿಲ್ಲ.

ಅದೇ ಹೊತ್ತಿಗೆ ಕೊನೆಯ ದೃಶ್ಯವನ್ನು ತಿದ್ದಲೆಂದು ಇನ್ನೊಕೆಂತಿ ಸವ್ವಿಚ್‌ರನ್ನೂ ಓಜೋಗಿನ್ ಕರೆಸಿಕೊಂಡಿದ್ದ. ನಾವಿಬ್ಬರೂ ನಾವು ಇಳಿದುಕೊಂಡಿದ್ದ ಮನೆಯ ಜಗಲಿಯಲ್ಲಿ ಚಹಾ ಕುಡಿಯುತ್ತ ಕೂತಿದ್ದಾಗ ಸಿಲಾಂತಿಯ ಹೆಂಡತಿ ಉಲ್ಯಾನಾ ಅಜ್ಜಿ ಬಂದಳು. ಮೀನು ತುಂಬಿ ಸುಟ್ಟ ರೊಟ್ಟಿಯನ್ನು ಬಟ್ಟೆಯಲ್ಲಿ ಸುತ್ತಿ ತಂದಿದ್ದಳು. ನನ್ನ ಕೈಗೆ ಕೊಟ್ಟು ಹೋಗದೆ ನಿಂತಳು.

“ಏನಜ್ಜಿ?” ಅಂದೆ.

“ಮಗಳೇ, ನೀನು ಪಟ್ಟಣದವಳು, ಕಾಗದ ಪತ್ರ ಓದೋಳು. ಕೇಳ್ತೀನಿ, ತಪ್ಪು ತಿಳ್ಕೋಬೇಡ. ನಮ್ಮವರ ಗಡ್ಡ ತೆಗೀದೇ ಇದ್ರೆ ಜೈಲಿಗೆ ಹಾಕ್ತಾರಾ?”

“ಯಾರು ಹೇಳಿದ್ದು?”

“ಯಾರೂ ಹೇಳಿಲ್ಲ. ತೆಗೀಬೇಕು ಅಂದ್ರಂತೆ. ನಿನ್ನೆಯಿಂದ ಒಂದು ತುತ್ತು ಬಾಯಿಗೆ ಹಾಕಿಲ್ಲ. ದೇವರ ಪಟದ ಮುಂದೆ ಕೂತವರು ಎದ್ದಿಲ್ಲ. ನಮ್ಮದು ಹಳೇ ನಂಬಿಕೆ ಮನೆತನ, ತಾಯಿ. ಗಡ್ಡ ಇಲ್ಲದೆ ಮೇಲೆ ಹೋದ್ರೆ ಆ ದೇವರಿಗೆ ಇವರ ಗುರುತು ಹೇಗೆ ಸಿಗುತ್ತೆ ಅಂತ ಯೋಚನೆ ಅವರಿಗೆ.”

ಇನ್ನೊಕೆಂತಿ ಸವ್ವಿಚ್ ಲೋಟ ಕೆಳಗಿಟ್ಟರು. “ಅಜ್ಜಿ, ಮನೆಗೆ ಹೋಗಿ. ಅವರಿಗೆ ಊಟಕ್ಕೆ ಬಡಿಸಿ. ಅವರ ಗಡ್ಡಕ್ಕೆ ಯಾರೂ ಕೈ ಹಾಕಲ್ಲ. ನನ್ನ ಮಾತು.”

“ನೀವು ಯಾರಪ್ಪ?”

“ಈ ಕಥೆ ಬರೆದ ಪಾಪಿ.”

ನದಿ ದಂಡೆಯಲ್ಲಿ ಊರಬಾಗಿಲಿನ ಸೆಟ್ಟು ಏಳುತ್ತಿತ್ತು. ಓಜೋಗಿನ್ ಮರದ ದಿಮ್ಮಿಯ ಮೇಲೆ ನಿಂತು ಯಾರಿಗೋ ಕೂಗುತ್ತಿದ್ದ. ಇನ್ನೊಕೆಂತಿ ಸವ್ವಿಚ್ ನೇರವಾಗಿ ಹೋಗಿ, “ಇಳೀರಿ ಕೆಳಗೆ” ಅಂದರು. ಅಷ್ಟು ಗಟ್ಟಿ ದನಿಯನ್ನು ನಾನು ಅವರ ಬಾಯಲ್ಲಿ ಕೇಳಿರಲಿಲ್ಲ.

ವಿಷಯ ತಿಳಿದು ಓಜೋಗಿನ್ ಮುಖ ಕೆಂಪಾಯಿತು. “ಇನ್ನೊಕೆಂತಿ ಸವ್ವಿಚ್, ಗಡ್ಡ ಮತ್ತೆ ಬೆಳೆಯುತ್ತೆ, ಚಿತ್ರ ಮತ್ತೆ ಆಗಲ್ಲ. ‘ಕತ್ತರಿ ನಿಜವಾದದ್ದಾಗಿರಲಿ’ ಅಂತ ನೀವೇ ಬರೆದಿದ್ದೀರಿ. ತೋರಿಸಲಾ?”

“ಬರೆದಿದ್ದೀನಿ. ಒಪ್ಪಿಕೊಂಡು ಬಂದ ನಟನಿಗೆ ಬರೆದಿದ್ದು.”

“ಮುದುಕನೂ ಒಪ್ಪಿದ್ದಾನೆ.”

“ಒಪ್ಪಿಲ್ಲ, ಹೆದರಿದ್ದಾನೆ. ಅಪ್ಪಣೆ ಮಾಡಿ ಒಬ್ಬನ ಮುಖ ಕಿತ್ತುಕೊಳ್ಳೋದು ಎಂಥ ಕೆಲಸ ಅಂತ ಎರಡು ವರ್ಷ ಕೂತು ಬರೆದೆ. ಈಗ ನಾವೇ ಅಪ್ಪಣೆ ಹಿಡ್ಕೊಂಡು ಇನ್ನೊಬ್ಬ ಬಡವನ ಬಾಗಿಲಿಗೆ ಹೋಗಿದ್ದೀವಲ್ಲ ಮಾರಾಯ್ರೇ! ಅವನೂ ಬಡಗಿ, ಗೊತ್ತಾ ನಿಮಗೆ? ಆ ಮನೆಗಳಲ್ಲಿ ಅರ್ಧ ಅವನೇ ಕಟ್ಟಿದ್ದು.”

ಓಜೋಗಿನ್ ದಿಮ್ಮಿಯ ಮೇಲೆ ಕುಸಿದು ಕೂತ. ಸ್ವಲ್ಪ ಹೊತ್ತು ಸೊಳ್ಳೆ ಹೊಡೆದುಕೊಂಡ. ಆಮೇಲೆ ಸೋತವನ ಸಿಡುಕಿನಲ್ಲಿ ಅಂದ: “ಸರಿ. ಹಾಗಾದ್ರೆ ಗಡ್ಡ ಎಲ್ಲಿಂದ ತರಲಿ? ನಿಮ್ಮದು ಕೊಡ್ತೀರಾ?”

ಕೆಲಸದವರು ನಕ್ಕರು. ನಾನೂ ನಕ್ಕೆ. ಇನ್ನೊಕೆಂತಿ ಸವ್ವಿಚ್ ಮಾತ್ರ ನಗಲಿಲ್ಲ. ನದಿಯ ಕಡೆ ಮುಖ ಮಾಡಿ ನಿಂತರು. ಆಮೇಲೆ ಗಡ್ಡವನ್ನು ಮುಷ್ಟಿಯಲ್ಲಿ ಹಿಡಿದು ತಿರುಗಿದರು.

“ಕೊಡ್ತೀನಿ” ಅಂದರು.

ಆ ಸಂಜೆ ಅವರು ನನ್ನ ಬಳಿ ಬಂದು ಕೂತು, ಯಾರಿಗೂ ಹೇಳದ ಸಂಗತಿ ಹೇಳಿದರು. ಯುದ್ಧದಲ್ಲಿ, ವೊಲ್ಖೊವ್ ನದಿಯ ಜೌಗಿನಲ್ಲಿ, ಒಂದು ಚೂರು ಕಬ್ಬಿಣ ಅವರ ದವಡೆಯನ್ನು ಕಿತ್ತುಕೊಂಡು ಹೋಗಿತ್ತು. ವೈದ್ಯರು ಹೇಗೋ ಹೊಲಿದು ಜೋಡಿಸಿದರು. ಆಸ್ಪತ್ರೆಯಿಂದ ರೈಲಿನಲ್ಲಿ ಬರುವಾಗ ಎದುರಿನ ಬೆಂಚಿನ ಪುಟ್ಟ ಹುಡುಗಿ ಇವರನ್ನು ನೋಡಿ ತಾಯಿಯ ಮಡಿಲಲ್ಲಿ ಮುಖ ಮುಚ್ಚಿಕೊಂಡಿತಂತೆ. ದಾರಿ ಮುಗಿಯುವವರೆಗೂ ತಲೆ ಎತ್ತಲಿಲ್ಲವಂತೆ. ಅವತ್ತಿನಿಂದ ಗಡ್ಡ.

“ಗ್ಲಾಶಾಳನ್ನ ಮದುವೆ ಆದಾಗಲೂ ಇತ್ತು. ಅವಳು ನನ್ನ ಗಲ್ಲ ನೋಡಿಲ್ಲ, ಫೈನಾ ಲ್ವೊವ್ನಾ. ಇಷ್ಟು ವರ್ಷ ಸಂಸಾರ ಮಾಡಿ ನೋಡಿಲ್ಲ. ನಾನು ತೋರಿಸಿಲ್ಲ.”

ಆಗ ನನಗೆ ಹೊಳೆಯಿತು, ಬಾಗಿಲು ಹಾಕಿಕೊಳ್ಳುವ ಹೆಂಡತಿ ಅವರ ಕಥೆಯೊಳಗೆ ಎಲ್ಲಿಂದ ಬಂದಿದ್ದಳು ಅಂತ.

“ಬೇಡ ಬಿಡಿ” ಅಂದೆ. “ಓಜೋಗಿನ್ ಬೇರೆ ಏನಾದರೂ ದಾರಿ ಹುಡುಕ್ತಾನೆ.”

“ಅಜ್ಜಿಗೆ ಮಾತು ಕೊಟ್ಟಿದ್ದೀನಿ” ಅಂದರು.

ಮಾರನೆಯ ಬೆಳಿಗ್ಗೆ ನದಿಯ ಮೇಲೆ ಮಂಜು ಇನ್ನೂ ಕರಗಿರಲಿಲ್ಲ. ಮೊದಲು ದೋಣಿಯಲ್ಲಿ ಬರುವ ದೃಶ್ಯ ತೆಗೆದರು, ಗಡ್ಡ ಇರುವಾಗಲೇ ಅದು ಮುಗಿಯಬೇಕಲ್ಲ. ದೋಣಿಯಿಂದ ಇಳಿಯುವಾಗ ಇನ್ನೊಕೆಂತಿ ಸವ್ವಿಚ್ ಕಾಲು ಜಾರಿ ಮೊಣಕಾಲವರೆಗೆ ನೀರಿಗೆ ಬಿದ್ದರು. ಓಜೋಗಿನ್ ಕ್ಯಾಮೆರಾ ನಿಲ್ಲಿಸಲಿಲ್ಲ. ಒದ್ದೆ ಬೂಟಿನಲ್ಲೇ ಪಚಪಚ ಎನ್ನುತ್ತ ಅವರು ಊರಬಾಗಿಲಿಗೆ ನಡೆದರು.

ಹಳ್ಳಿಯವರೆಲ್ಲ ಹಳೆಯ ಕಾಲದ ಅಂಗಿ ತೊಟ್ಟು ನಿಂತಿದ್ದರು. ಸಿಲಾಂತಿ ಕುಜ್ಮಿಚ್ ಕೂಡ ಬಂದಿದ್ದ, ತನ್ನ ಗಡ್ಡದ ಸಮೇತ. ಅವನನ್ನು ಯಾರೂ ಕರೆದಿರಲಿಲ್ಲ. ಇನ್ನೊಕೆಂತಿ ಸವ್ವಿಚ್‌ರ ಹತ್ತಿರ ಹೋಗಿ, “ತಮ್ಮಾ, ನನಗೋಸ್ಕರ ಇದು ಬೇಡ. ನಾನು ಮುದುಕ, ಹೋದ್ರೆ ಹೋಗ್ಲಿ” ಅಂದ.

“ನನಗೋಸ್ಕರ ಕಣಣ್ಣ. ನೀನು ಪಕ್ಕದಲ್ಲಿ ನಿಂತಿರು, ಸಾಕು.”

ಕಾವಲುಗಾರನ ವೇಷದ ನಟ ಕುರಿಯ ಉಣ್ಣೆ ಕತ್ತರಿಸುವ ದೊಡ್ಡ ಕತ್ತರಿ ಹಿಡಿದು ಬಂದ. ಇಬ್ಬರು ತೋಳು ಹಿಡಿದರು. ಮೊದಲ ಕಡಿತಕ್ಕೆ ಒಂದು ಹಿಡಿ ಗಡ್ಡ ಕೆಸರಿಗೆ ಬಿತ್ತು. ಇನ್ನೊಂದು. ಮತ್ತೊಂದು. ನಂತರ ಕತ್ತಿಯಿಂದ ಕೆರೆದರು. ಬಲಗಡೆಯ ಗಲ್ಲ ಮೊದಲು ಕಂಡಿತು. ಗಾಳಿ ಬಿಸಿಲು ಕಾಣದೆ ಮಗುವಿನ ಚರ್ಮದ ಹಾಗಿತ್ತು. ಆಮೇಲೆ ಎಡಗಡೆ. ಕಿವಿಯ ಕೆಳಗಿನಿಂದ ತುಟಿಯವರೆಗೆ ಉಳುಮೆಯ ಸಾಲಿನ ಹಾಗೆ ಒಂದು ಗುಳಿ.

ಗುಂಪಿನಲ್ಲಿ ಯಾರೂ ಕೂಗಲಿಲ್ಲ. ಯಾರೂ ಮುಖ ಮುಚ್ಚಿಕೊಳ್ಳಲಿಲ್ಲ. ಉಲ್ಯಾನಾ ಅಜ್ಜಿ ಮಾತ್ರ, “ಅಯ್ಯೋ ಕಂದಾ” ಅಂದಳು, ಮೆಲ್ಲಗೆ, ತನ್ನಷ್ಟಕ್ಕೆ.

ಆಗ ಸಿಲಾಂತಿ ಕುಜ್ಮಿಚ್ ಯಾರೂ ಹೇಳದ ಕೆಲಸ ಮಾಡಿದ. ಟೋಪಿ ತೆಗೆದ, ಕೆಸರಿನಲ್ಲಿ ಮಂಡಿಯೂರಿದ, ಬಿದ್ದಿದ್ದ ಕೂದಲನ್ನು ಒಂದೊಂದೇ ಆರಿಸಿ ಟೋಪಿಯೊಳಗೆ ಹಾಕತೊಡಗಿದ. ತುಂಬಿದ ಟೋಪಿಯನ್ನು ಎರಡೂ ಕೈಯಲ್ಲಿ ಎತ್ತಿ ಇನ್ನೊಕೆಂತಿ ಸವ್ವಿಚ್‌ಗೆ ಕೊಟ್ಟ. “ಇಟ್ಕೋ. ಸತ್ತಾಗ ಪೆಟ್ಟಿಗೆಯಲ್ಲಿ ನಿನ್ನ ಜೊತೆ ಹಾಕೋಕೆ ಹೇಳಿರು. ಮೇಲೆ ಕೇಳಿದ್ರೆ ತೋರಿಸೋಕೆ ಆಗುತ್ತೆ.” ಅವನಿಗೆ ಕ್ಯಾಮೆರಾ ಇರುವುದೇ ಮರೆತಿತ್ತು. ಹಳೆಯ ಕಾಲದ ಬಡವರು ಹಾಗೇ ಮಾಡುತ್ತಿದ್ದರು, ಅಜ್ಜ ಮುತ್ತಜ್ಜಂದಿರಿಂದ ಅವನ ಕಿವಿಗೆ ಬಿದ್ದ ಮಾತು ಅದು. ಇನ್ನೊಕೆಂತಿ ಸವ್ವಿಚ್ ಟೋಪಿಯನ್ನು ಎದೆಗೆ ಒತ್ತಿಕೊಂಡರು. ಅವರ ಕಣ್ಣಿನಿಂದ ಇಳಿದ ನೀರು ಆ ಗುಳಿಯಲ್ಲಿ ಹರಿದು ತುಟಿಗೆ ಬಂತು.

‘ಕಟ್’ ಹೇಳುವುದು ಓಜೋಗಿನ್‌ಗೆ ಮರೆತೇ ಹೋಯಿತು. ರೀಲು ಮುಗಿದು ಕ್ಯಾಮೆರಾ ತಾನಾಗಿ ನಿಂತಿತು.

ಆಮೇಲೆ ಸಿಲಾಂತಿಯ ಮನೆಯಲ್ಲಿ ನಮಗೆಲ್ಲ ಊಟ. ಮೀನಿನ ಸಾರು, ಬಾರ್ಲಿ ರೊಟ್ಟಿ, ರೊಟ್ಟಿ ಹುಳಿಸಿ ಮಾಡಿದ ತಣ್ಣನೆಯ ಕ್ವಾಸ್ ಪಾನಕ. ಮುದುಕ ಬಟ್ಟಲಿನ ಮೇಲೆ ಬಟ್ಟಲು ಸಾರು ಹಾಕಿಸಿಕೊಂಡ. ಅಜ್ಜಿ ಅವನ ಬಟ್ಟಲನ್ನೇ ನೋಡುತ್ತ ಗೋಡೆಗೊರಗಿ ಕೂತುಬಿಟ್ಟಳು. ಓಜೋಗಿನ್ ಎದ್ದು ಬಂದು ಮುದುಕನ ಮುಂದೆ ತಲೆ ಬಗ್ಗಿಸಿ, “ತಪ್ಪಾಯ್ತು ಅಜ್ಜಾ” ಅಂದ. ಮುದುಕ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿ, “ನಿನಗೆ ಮೊದಲು ಮೀಸೆ ಸರಿಯಾಗಿ ಬರಲಿ, ಆಮೇಲೆ ಇನ್ನೊಬ್ಬರ ಗಡ್ಡದ ಮಾತು” ಅಂದ. ಮನೆಯೇ ಹಾರಿಹೋಗುವ ಹಾಗೆ ನಕ್ಕೆವು. ಎಲ್ಲರಿಗಿಂತ ಜೋರಾಗಿ ನಕ್ಕವನು ಓಜೋಗಿನ್.

ಇಷ್ಟಾದರೂ ಇನ್ನೊಕೆಂತಿ ಸವ್ವಿಚ್‌ಗೆ ಸಮಾಧಾನವಿರಲಿಲ್ಲ. ವಾಪಸು ರೈಲಿನಲ್ಲಿ ಕೋಟಿನ ಕಾಲರು ಎತ್ತಿಕೊಂಡೇ ಕೂತಿದ್ದರು. ಲೆನಿನ್‌ಗ್ರಾದ್ ಹತ್ತಿರವಾದಂತೆ ಅದನ್ನು ಇನ್ನೂ ಮೇಲಕ್ಕೆ ಎಳೆದುಕೊಂಡರು. ನಿಲ್ದಾಣದಲ್ಲಿ ಇಳಿದು, “ಫೈನಾ ಲ್ವೊವ್ನಾ, ಮನೆವರೆಗೂ ಬರ್ತೀರಾ? ಸಾಮಾನು ಜಾಸ್ತಿ ಇದೆ” ಅಂದರು. ಸಾಮಾನು ಒಂದು ಪೆಟ್ಟಿಗೆ ಅಷ್ಟೇ. ಹೋದೆ.

ಅವರ ಮನೆ ನಾಲ್ಕನೆಯ ಮಹಡಿ. ಮೂರನೆಯದರಲ್ಲೇ ನಿಂತು ಉಸಿರು ತೆಗೆದುಕೊಂಡರು. “ನೀವು ಮೊದಲು ಹೋಗಿ ಹೇಳಿಬಿಡಿ.”

“ನಾನು ಯಾಕೆ ಹೇಳಲಿ? ನಿಮ್ಮ ಹೆಂಡತಿ. ನಡೀರಿ.”

ಗಂಟೆ ಒತ್ತಿದರು. ಗ್ಲಫೀರಾ ತಿಮೊಫೇವ್ನಾ ಬಾಗಿಲು ತೆರೆದರು. ಕೈ ತುಂಬ ಹಿಟ್ಟು. ನೋಡಿದರು. ಇವರು ಎತ್ತಿದ್ದ ಕಾಲರನ್ನು ಇಳಿಸಿದರು.

ಆಕೆ ಆ ಹಿಟ್ಟಿನ ಕೈಯನ್ನೇ ಎತ್ತಿ, ಕಿವಿಯ ಕೆಳಗಿಟ್ಟು, ಗುಳಿಯುದ್ದಕ್ಕೂ ಬೆರಳು ಎಳೆದರು. ಕಣ್ಣು ಮುಚ್ಚಿ ಎಳೆದರು, ಗೊತ್ತಿರುವ ದಾರಿಯಲ್ಲಿ ನಡೆಯುವವರ ಹಾಗೆ.

“ಇದೇನಾ? ಇದನ್ನೇನಾ ಇಷ್ಟು ವರ್ಷ ಬಚ್ಚಿಟ್ಟಿದ್ದು?” ಅಂದರು. “ಕೆಶಾ, ನೀನು ಮಲಗಿದ ಮೇಲೆ ಎಷ್ಟು ಸಲ ಮುಟ್ಟಿ ನೋಡಿದ್ದೀನಿ ಗೊತ್ತಾ? ನನ್ನ ಕೈಗೆ ಎಲ್ಲಾ ಗೊತ್ತು ಕಣೋ. ಕಣ್ಣಿಗೆ ಮಾತ್ರ ಗೊತ್ತಿರಲಿಲ್ಲ.”

“ಮತ್ತೆ ಯಾಕೆ ಹೇಳಲಿಲ್ಲ?”

“ನೀನು ಹೇಳಲಿ ಅಂತ ಕಾದೆ. ಬಾ ಒಳಗೆ, ಹಿಟ್ಟು ಒಣಗುತ್ತೆ. ಫೈನಾ ಲ್ವೊವ್ನಾ, ನೀವ್ಯಾಕೆ ಅಳ್ತಿದ್ದೀರಿ? ಬನ್ನಿ, ಈರುಳ್ಳಿ ಹೆಚ್ಚಿಕೊಡಿ, ಅಲ್ಲಿ ಅತ್ತರೆ ಉಪಯೋಗಕ್ಕೆ ಬರುತ್ತೆ.”

ಇನ್ನೊಕೆಂತಿ ಸವ್ವಿಚ್ ಬಾಗಿಲ ಬಳಿಯ ಮುಕ್ಕಾಲಿಯ ಮೇಲೆ ಕೂತರು. ಗಲ್ಲದ ಮೇಲೆ ಹಿಟ್ಟಿನ ಗೆರೆ. ಹೆಗಲಿನಿಂದ ಮೂಟೆ ಇಳಿಸಿದ ಹಮಾಲಿಯ ಹಾಗೆ ಉಸಿರು ಬಿಟ್ಟರು. ಬೂಟು ಬಿಚ್ಚುತ್ತಿದ್ದವರು ನಡುವೆ ನಿಲ್ಲಿಸಿ, “ಪೆನ್ಸಿಲ್ ಇದೆಯಾ?” ಅಂತ ನನ್ನನ್ನು ಕೇಳಿದರು.

ಕೊನೆಯ ದೃಶ್ಯ ಅಲ್ಲೇ, ನಾವು ತಿಂಡಿಗೆ ಕೂರುವ ಮುಂಚೆಯೇ ಹೊಸದಾಯಿತು. ಹೆಂಡತಿ ಬಾಗಿಲು ಹಾಕಿಕೊಳ್ಳುವುದಿಲ್ಲ. ಬಡಗಿ ಹೊಸ ರಷ್ಯದ ಮಾತನ್ನೂ ಆಡುವುದಿಲ್ಲ. ಅವಳು ಹಿಟ್ಟಿನ ಕೈಯಿಂದ ಅವನ ಮುಖ ಮುಟ್ಟುತ್ತಾಳೆ, “ಒಳಗೆ ಬಾ, ಚಳಿ” ಅನ್ನುತ್ತಾಳೆ. ಅಷ್ಟೇ. ಓದಿದಾಗ ಗ್ಲಫೀರಾ ತಿಮೊಫೇವ್ನಾರ ಕೈ ನಿಂತಿತು. “ನನ್ನ ಮಾತು ಕದ್ದು ಸಂಬಳ ತಗೊಳ್ತಾನೆ ನೋಡಿ” ಎಂದು ನನಗೆ ದೂರು ಹೇಳಿದರು.

ಶರತ್ಕಾಲದಲ್ಲಿ ಸ್ಟುಡಿಯೋದೊಳಗೆ, ಇನ್ನೊಕೆಂತಿ ಸವ್ವಿಚ್‌ರನ್ನೇ ಬಡಗಿಯಾಗಿ ನಿಲ್ಲಿಸಿ, ಆ ದೃಶ್ಯ ತೆಗೆದರು. ಚಳಿಗಾಲದಲ್ಲಿ ಮಂಡಳಿಯವರು ಚಿತ್ರ ನೋಡಿದರು. ನಾನು ಹಿಂದಿನ ಸಾಲಿನಲ್ಲಿ ಕೂತು ಕರವಸ್ತ್ರ ಹಿಂಡುತ್ತಿದ್ದೆ. ಮಾತಿಲ್ಲ, ದೊರೆಯಿಲ್ಲ, ಹೊಸ ರಷ್ಯವಿಲ್ಲ. ಡಬ್ಬಿ ಖಚಿತ ಅಂದುಕೊಂಡಿದ್ದೆ. ದೀಪ ಹತ್ತಿದಾಗ ಅಧ್ಯಕ್ಷರು ತುಂಬ ಹೊತ್ತು ಕನ್ನಡಕ ಒರೆಸಿದರು.

“ಕೊನೆಗೆ ಭಾಷಣ ಇರಬೇಕಿತ್ತಲ್ಲ?” ಎಂದು ಮಂಡಳಿಯವರಲ್ಲೊಬ್ಬರು ಎತ್ತಿದರು.

“ಏನು ಭಾಷಣ? ಅವಳು ಒಳಗೆ ಬಾ ಅಂದಳಲ್ಲ, ಇನ್ನೇನು ಬೇಕು?” ಅಂದರು ಅಧ್ಯಕ್ಷರು. ಆಮೇಲೆ ನನ್ನ ಕಡೆ ತಿರುಗಿ, “ಆ ಬಡಗಿಯ ಮುಖಕ್ಕೆ ಮೇಕಪ್ ಮಾಡಿದವರು ಯಾರು? ನನ್ನ ತಮ್ಮನಿಗೂ ಅಂಥದೇ ಗಾಯ ಇತ್ತು. ನಿಜವಾದದ್ದೇ ಅನ್ನಿಸಿತು” ಅಂದರು.

“ಹಳೇ ಕೆಲಸಗಾರರು” ಅಂದೆ.

ಹೊರಗೆ ಕಾರಿಡಾರಿನಲ್ಲಿ ಇನ್ನೊಕೆಂತಿ ಸವ್ವಿಚ್ ಮತ್ತು ಓಜೋಗಿನ್ ಶಾಲೆಯಲ್ಲಿ ಫಲಿತಾಂಶಕ್ಕೆ ಕಾಯುವ ಮಕ್ಕಳ ಹಾಗೆ ಗೋಡೆಗಂಟಿ ನಿಂತಿದ್ದರು. ನಾನು ತಲೆ ಆಡಿಸಿದೆ. ಓಜೋಗಿನ್ ನನ್ನನ್ನು ಎತ್ತಿ ಒಂದು ಸುತ್ತು ತಿರುಗಿಸಿ ಇಳಿಸಿದ. ಇನ್ನೊಕೆಂತಿ ಸವ್ವಿಚ್ ಕೋಟು ಹಾಕಿಕೊಂಡರು.

ನೆವಾ ನದಿಯ ಮೇಲಿನ ಗಾಳಿ ಸೂಜಿಯ ಹಾಗೆ ಚುಚ್ಚುತ್ತಿತ್ತು. ಟ್ರಾಮ್ ನಿಲ್ದಾಣದವರೆಗೆ ನಡೆದೆವು. ಅವರು ಬೋಳು ಗಲ್ಲವನ್ನು ಎರಡೂ ಅಂಗೈಯಲ್ಲಿ ಮುಚ್ಚಿಕೊಂಡು, “ಅಬ್ಬಬ್ಬಾ, ಏನು ಚಳಿ ಮಾರಾಯ್ರೇ! ಬೋಳು ಮುಖದವರು ಇಷ್ಟು ವರ್ಷ ಹೇಗೆ ಬದುಕಿದ್ದಾರೆ?” ಅಂದರು.

“ಮತ್ತೆ ಬೆಳೆಸಿಬಿಡಿ” ಅಂದೆ.

“ಗ್ಲಾಶಾ ಬಿಡಲ್ಲ. ಮಫ್ಲರ್ ಹೆಣೆದು ಕೊಡ್ತೀನಿ ಅಂದಿದ್ದಾಳೆ” ಅಂದರು. ಟ್ರಾಮ್ ಬಂತು. ನೂಕುನುಗ್ಗಲಿನಲ್ಲಿ ಹತ್ತಿ, ಕಾಲರು ಇಳಿಸಿಕೊಂಡೇ, ಎಲ್ಲರ ನಡುವೆ ಕಂಬಿ ಹಿಡಿದು ನಿಂತರು.